ಆಟ ಬಾರದವನ ಕಾಮೆಂಟರಿ

ಚಾಮರಾಜನಗರದ ಕೇಬಲ್ ಚಾನಲ್ಲೊಂದರಲ್ಲಿ ಇಪ್ಪತ್ತು ವರ್ಷಕ್ಕೂ ಹೆಚ್ಚು ಕಾಲ ನಾನು ಕ್ರೀಡಾ ವಾರ್ತೆ ಓದಿದೆ. ಕಬಡ್ಡಿ, ವಾಲಿಬಾಲ್, ಖೋಖೋ, ಶಾಲಾ ಮಕ್ಕಳ ಓಟ, ಟೆನ್ನಿಸ್ ಬಾಲ್ ಕ್ರಿಕೆಟ್, ಒಂದು ಸಲ ಕೇರಂ ಕೂಡ. ಜಿಲ್ಲೆಯಲ್ಲಿ ಯಾರು ಏನು ಆಡಿದರೂ ಸಂಜೆ ಏಳಕ್ಕೆ ಅದನ್ನು ಜನರಿಗೆ ಹೇಳುವವನು ನಾನು. ಆದರೆ ಇವುಗಳಲ್ಲಿ ಒಂದನ್ನೂ ನಾನು ಆಡಿದವನಲ್ಲ. ಶಾಲೆಯಲ್ಲಿ ಆಟದ ಪೀರಿಯಡ್ ಬಂತೆಂದರೆ ಎಲ್ಲರ ಪುಸ್ತಕದ ಚೀಲ ಕಾಯುವುದು ನನ್ನ ಪಾಲಿನ ಕೆಲಸ. ಮಳೆ ಹನಿದರೆ ಚೀಲಗಳನ್ನು ಬಾಚಿಕೊಂಡು ಜಗುಲಿಗೆ ಓಡುತ್ತಿದ್ದೆ. ನನ್ನ ಓಟವೆಂದರೆ ಅಷ್ಟೇ.

ನನ್ನ ಹೆಂಡತಿ ಹಾಗಲ್ಲ. ಹೈಸ್ಕೂಲಿನಲ್ಲಿದ್ದಾಗ ಖೋಖೋ ಆಡಿ ಜಿಲ್ಲಾ ತಂಡದವರೆಗೆ ಹೋದವಳು. ಮದುವೆಯ ಮಾತುಕತೆಯಲ್ಲಿ ಇದನ್ನು ಅವರ ಮನೆಯವರು ನಮ್ಮವರಿಗೆ ಹೇಳಿರಲಿಲ್ಲ. ಹುಡುಗಿ ಗಂಡುಬೀರಿ ಅಂದುಕೊಂಡಾರು ಎಂಬ ಭಯ. ಹುಡುಗ ಚೀಲ ಕಾಯುತ್ತಿದ್ದವನು ಎಂದು ನಮ್ಮವರೂ ಅವರಿಗೆ ಹೇಳಿರಲಿಲ್ಲ. "ಸರಿಗ್ ಸರಿ ಆಯ್ತು ಬುಡಿ" ಎಂದು ಅವಳು ಈಗಲೂ ನಗುತ್ತಾಳೆ.

ಚಾನಲ್ಲಿಗೆ ಸೇರುವ ಮುಂಚೆ ನಾನು ಮೈಕ್ ಕಟ್ಟಿದ ಆಟೋದಲ್ಲಿ ಕೂತು ಊರೂರು ಸುತ್ತಿ ಬಟ್ಟೆ ಅಂಗಡಿಗಳ ಪ್ರಚಾರ ಮಾಡುತ್ತಿದ್ದೆ. ಗಂಟಲು ದೊಡ್ಡದಿತ್ತು, ಉಚ್ಚಾರಣೆ ಸ್ಪಷ್ಟವಿತ್ತು. ಒಂದು ದಿನ ಆಟೋ ಅಂಗಡಿ ಬೀದಿಯಲ್ಲಿ ನಿಂತಿದ್ದಾಗ, ಬೆಲ್ಲದ ವ್ಯಾಪಾರ ಮಾಡಿಕೊಂಡೇ ಕೇಬಲ್ ಚಾನಲ್ ನಡೆಸುತ್ತಿದ್ದ ಯಜಮಾನರೊಬ್ಬರು ಕೈ ಅಡ್ಡ ಹಿಡಿದರು. ಹಣೆ ತುಂಬ ವಿಭೂತಿ, ಬಿಳಿ ಪಂಚೆ.

"ನಿನ್ ಗಂಟ್ಲು ಬೀದಿ ಬೀದೀಲಿ ಸೀರ ಮಾರ್ಕಂಡು ಹಾಳಾಯ್ತಾ ಅದ ಕನಪ್ಪ. ನಮ್ ಚಾನಲ್‌ಗ ಬಾ. ಆಟದ್ ಸುದ್ದಿ ಓದು" ಅಂದರು.

"ನನ್ಗ ಆಟ ಗೊತ್ತಿಲ್ಲ ಯಜಮಾನ್ರೇ."

"ರಾಜಕೀಯದ್ ಸುದ್ದಿ ಓದೋನು ಮಂತ್ರಿ ಆಗಿದ್ದನ? ಸುಮ್ಕ ಬಾ."

ಮುಂದಿನ ಸೋಮವಾರವೇ ಸೇರಿದೆ.

ನನ್ನ ಜೊತೆಗೆ ಕೊಟ್ಟ ಕ್ಯಾಮರಾದವನು ಮದುವೆ ವಿಡಿಯೋ ತೆಗೆಯುತ್ತಿದ್ದವನು. ಕೈ ಸ್ಥಿರ, ಆದರೆ ಅಭ್ಯಾಸ ಮದುವೆ ಮನೆಯದು. ಮೊದಲು ಮುಖ್ಯ ಅತಿಥಿಯ ಹಾರ, ಆಮೇಲೆ ಹೆಂಗಸರ ಸಾಲು, ಆಮೇಲೆ ಅಡುಗೆಯವರು, ಸಮಯ ಉಳಿದರೆ ಆಟ. ನಮ್ಮ ಮೊದಲ ಪಂದ್ಯ ಸಂತೆಮರಹಳ್ಳಿಯಲ್ಲಿ ನಡೆದ ಕಬಡ್ಡಿ. ಆ ದಿನದ ಬಹುಮುಖ್ಯ ಹಿಡಿತವೊಂದು ನಡೆದ ಹೊತ್ತಿನಲ್ಲಿ ನಮ್ಮ ಟೇಪಿನಲ್ಲಿರುವುದು ಅಜ್ಜಿಯ ಮಡಿಲಲ್ಲಿ ಬಾಳೆಹಣ್ಣು ತಿನ್ನುತ್ತಿರುವ ಮಗು. ಎಡಿಟಿಂಗ್ ಮಾಡಿದವನೂ ಇವನೇ. ಎರಡೂ ತಂಡದ ನಾಯಕರು ಕೈ ಕುಲುಕುವ ದೃಶ್ಯವನ್ನು ಒಂದು ಕೆಂಪು ಹೃದಯದೊಳಗೆ ಕೂರಿಸಿ, ಸುತ್ತ ಗುಲಾಬಿ ಉದುರಿಸಿದ್ದ.

"ಇದೇನ್ಲಾ ಇದು?" ಅಂದೆ.

"ಚೆಂದಾಗದ ಅಲ್ವಾ? ಕಂಪ್ಯೂಟರ್‌ನಲ್ಲೇ ಇತ್ತು" ಅಂದ.

ಅವನನ್ನು ಆಡಿಕೊಳ್ಳುವ ಹಕ್ಕು ನನಗಿರಲಿಲ್ಲ. ಆ ಪಂದ್ಯದಲ್ಲಿ ಅಂಪೈರು ಆಗಾಗ "ಲೋನಾ" ಎಂದು ಕೂಗಿ ಎರಡು ಬೆರಳು ಎತ್ತುತ್ತಿದ್ದರು. ಅದು ಆಟಗಾರನ ಹೆಸರು ಅಂದುಕೊಂಡೆ. ವಾರ್ತೆಯಲ್ಲಿ ಗಂಭೀರವಾಗಿ ಓದಿದೆ: "ಸಂತೆಮರಹಳ್ಳಿಯ ಪರವಾಗಿ ಲೋನಾ ಅವರು ಉತ್ತಮ ಪ್ರದರ್ಶನ ನೀಡಿ ಎರಡು ಅಂಕ ಗಳಿಸಿದರು. ಎದುರಾಳಿ ತಂಡದಲ್ಲಿಯೂ ಇದೇ ಹೆಸರಿನ ಆಟಗಾರರಿದ್ದುದು ವಿಶೇಷವಾಗಿತ್ತು."

ಮನೆಗೆ ಹೋದಾಗ ಹೆಂಡತಿ ಒಲೆಯ ಮುಂದೆ ಮುದ್ದೆ ತಿರುವುತ್ತಿದ್ದಳು. ನನ್ನನ್ನು ನೋಡಿದ್ದೇ ಕೋಲು ಕೈಬಿಟ್ಟು, ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡಳು. ಮುದ್ದೆ ತಳ ಹತ್ತಿತು.

"ಲೋನಾ ಅನ್ನೋನು ಮನುಷ್ಯ ಅಲ್ಲ ಕನ್ರೀ. ಒಂದ್ ಕಡ ಎಲ್ರೂ ಔಟಾದ್ರ ಇನ್ನೊಂದ್ ಕಡಗ ಸಿಕ್ಕೋ ಎರಡ್ ಪಾಯಿಂಟು" ಅಂದಳು, ನಗು ನಿಂತ ಮೇಲೆ.

ಮಾರನೆಯ ಬೆಳಿಗ್ಗೆ ಅಂಗಳದಲ್ಲಿ ರಂಗೋಲಿ ಪುಡಿಯಿಂದ ಕಬಡ್ಡಿ ಅಂಕಣ ಬರೆದಳು. ಈ ಕಡೆ ಏಳು ಹುಣಿಸೆ ಬೀಜ, ಆ ಕಡೆ ಏಳು ಅವರೆಕಾಳು. ಹುಣಿಸೆ ಬೀಜ ಒಳಗೆ ಹೋಗಿ ಅವರೆಕಾಳನ್ನು ಮುಟ್ಟಿ ಬಂದರೆ ಏನು, ಅವರೆಕಾಳುಗಳು ಸೇರಿ ಹುಣಿಸೆ ಬೀಜವನ್ನು ಹಿಡಿದರೆ ಏನು, ಎಲ್ಲವನ್ನೂ ತೋರಿಸಿದಳು. ಹಾಲಿನವನು ಬಂದು ನಿಂತು ಪೂರ್ತಿ ಆಟ ನೋಡಿಕೊಂಡು ಹೋದ. ಹೀಗೆ ವಾರಕ್ಕೊಂದು ಆಟದಂತೆ ನನ್ನ ಕ್ರೀಡಾ ಶಿಕ್ಷಣ ಅಂಗಳದಲ್ಲೇ ಮುಗಿಯಿತು.

ನಾಲ್ಕೈದು ವರ್ಷದಲ್ಲಿ ನನಗೆ ಒಂದು ಬಗೆಯ ಹೆಸರು ಬಂತು. ಬಸ್ಸಿನಲ್ಲಿ ಕಂಡಕ್ಟರುಗಳು ಗುರುತು ಹಿಡಿದು ಕಿಟಕಿ ಪಕ್ಕ ಜಾಗ ಮಾಡಿಕೊಡುತ್ತಿದ್ದರು. ಹೋಟೆಲಿನಲ್ಲಿ ದೋಸೆ ತಿನ್ನುತ್ತಿದ್ದರೆ ಪಕ್ಕದ ಟೇಬಲ್ಲಿನವರು ಬಂದು, ಮಂಡಿ ನೋವಿಗೆ ಆಟಗಾರರು ಯಾವ ಎಣ್ಣೆ ಹಚ್ಚುತ್ತಾರೆ ಎಂದು ಕೇಳುತ್ತಿದ್ದರು. ನಾನು ಹೇಳುತ್ತಲೂ ಇದ್ದೆ. ಜನ ನನ್ನನ್ನು "ಕಬಡ್ಡಿ ಮೇಷ್ಟ್ರು" ಎಂದು ಕರೆಯತೊಡಗಿದರು. ಆ ಹೆಸರನ್ನು ತಿದ್ದುವ ಗೋಜಿಗೆ ನಾನು ಹೋಗಲಿಲ್ಲ. ಇಷ್ಟಾದ ಮೇಲೆ, ಪಂದ್ಯದ ಅರ್ಧ ನೋಡಿದರೆ ಸಾಕು, ಫಲಿತಾಂಶ ನನಗೆ ಗೊತ್ತಾಗುತ್ತದೆ ಎಂಬ ಭ್ರಮೆಯೂ ಬಂತು. ಆ ಭ್ರಮೆ ಬಿಡಿಸಿದ್ದು ಉಮ್ಮತ್ತೂರಿನವರು.

ಉಮ್ಮತ್ತೂರಿನ ಮೈದಾನದಲ್ಲಿ ಕಬಡ್ಡಿ ಫೈನಲ್. ಆತಿಥೇಯರ ಎದುರು ಸಂತೆಮರಹಳ್ಳಿಯ ತಂಡ. ಅರ್ಧ ಆಟ ಮುಗಿಯುವ ಹೊತ್ತಿಗೆ ಸಂತೆಮರಹಳ್ಳಿಯವರು ಎಷ್ಟು ಮುಂದಿದ್ದರೆಂದರೆ, ಉಮ್ಮತ್ತೂರಿನ ಹಿರಿಯರೇ ಎದ್ದು ಮನೆ ಕಡೆ ಹೊರಟಿದ್ದರು. ವಾರ್ತೆ ಏಳಕ್ಕೆ. ಚಾಮರಾಜನಗರದ ಬಸ್ಸು ಐದೂವರೆಗೆ. ಅದು ತಪ್ಪಿದರೆ ಮುಂದಿನದು ಏಳಕ್ಕೆ ಮುಟ್ಟುವುದಿಲ್ಲ.

"ಓಗನ?" ಅಂದ ಕ್ಯಾಮರಾದವನು.

"ಓಗನ. ಇನ್ನೇನದ ಇಲ್ಲಿ" ಅಂದೆ.

ಬಸ್ಸಿನಲ್ಲೇ ತೊಡೆಯ ಮೇಲೆ ಹಾಳೆ ಇಟ್ಟುಕೊಂಡು ಬರೆದೆ. ನಿರೀಕ್ಷೆಯಂತೆ ಸಂತೆಮರಹಳ್ಳಿಗೆ ಕಪ್, ಏಕಪಕ್ಷೀಯ ಪಂದ್ಯ, ಆತಿಥೇಯರದು ನೀರಸ ಆಟ. "ನೀರಸ" ಎಂಬ ಪದ ಹೊಳೆದದ್ದಕ್ಕೆ ಸ್ವಲ್ಪ ಹೆಮ್ಮೆಯೂ ಆಗಿತ್ತು. ಏಳಕ್ಕೆ ಓದಿದೆ.

ಅಲ್ಲಿ ನಡೆದದ್ದೇ ಬೇರೆ. ನಾವು ಬಸ್ಸು ಹತ್ತಿದ ಮೇಲೆ ಉಮ್ಮತ್ತೂರಿನವರು ಒಂದೊಂದೇ ಪಾಯಿಂಟ್ ಹೆಕ್ಕಿಕೊಂಡು ಬಂದು, ಕೊನೆಯ ದಾಳಿಯಲ್ಲಿ ಒಂದೇ ಒಂದು ಪಾಯಿಂಟಿನಿಂದ ಗೆದ್ದುಬಿಟ್ಟಿದ್ದರು.

ಇದು ನಮಗೆ ತಿಳಿದದ್ದು ಮಾರನೆಯ ಬೆಳಿಗ್ಗೆ. ನಮ್ಮ ಸ್ಟುಡಿಯೋ ಇದ್ದದ್ದು ಪಾತ್ರೆ ಅಂಗಡಿಯೊಂದರ ಮಹಡಿಯ ಮೇಲೆ, ಹಿಂದೆ ನೀಲಿ ಬಟ್ಟೆ ಇಳಿಬಿಟ್ಟ ಒಂದು ಕೋಣೆ. ಮೆಟ್ಟಿಲ ಮೇಲೆ ತುಂಬ ಕಾಲುಗಳ ಸದ್ದು ಕೇಳಿತು. ಉಮ್ಮತ್ತೂರಿನ ಏಳು ಜನವೂ ಬಂದಿದ್ದರು, ಬಾಳೆಗೊನೆ ತುಂಬುವ ಟೆಂಪೋದಲ್ಲಿ. ಅವರ ನಾಯಕ ಅದೇ ಬಾಳೆಗೊನೆ ಹೊರುವ ಕೆಲಸದವನು. ಎತ್ತರದ ಆಳು, ನಿಧಾನದ ಮಾತು. ಒಳಗೆ ಬಂದವನೇ ನಾನು ವಾರ್ತೆ ಓದುವ ಮೇಜಿನ ಮೇಲೆ ಕಪ್ ಇಟ್ಟ.

"ಇದೇನು ಸಾ?"

"ಕಪ್ಪು."

"ಯಾರ್ದು?"

ಕಪ್ಪಿಗೆ ಉಮ್ಮತ್ತೂರಿನ ಮಣ್ಣು ಇನ್ನೂ ಮೆತ್ತಿಕೊಂಡಿತ್ತು. "ನಿಮ್ದು" ಅಂದೆ.

"ಗೊತ್ತಾಯ್ತಲ್ಲ. ಇದ ಟೀವೀಲಿ ಯೋಳಿ."

ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ. ಅವನು ಬೈಯಲಿಲ್ಲ. ಕಪ್ಪಿನ ಮಣ್ಣನ್ನು ಹೆಬ್ಬೆರಳಲ್ಲಿ ಒರೆಸುತ್ತಾ ಹೇಳಿದ: "ನಮ್ಮವ್ವ ಮೈದಾನ್ಕ ಬರ್ನಿಲ್ಲ ಸಾ, ಕಾಲ್‌ನೋವು. ಟೀವೀಲಿ ನೋಡ್ತಾ ಕುಂತಿದ್ಲು. ನಾನು ಕಪ್ಪ ತಕ್ಕಂಡೋದ್ರ, ಇದ ಎಲ್ಲಿಂದ ತಂದ್ಯಪ್ಪ, ಯಾರ್ದೋ ಏನೋ, ವಾಪಸ್ ಕೊಟ್ಬುಡು ಅಂತಾವ್ಳ. ಟೀವಿಯವ್ರು ಸುಳ್ಳು ಯೋಳ್ತಾರ ಅಂತ ನನ್ನೇ ಕೇಳ್ತಾಳ."

ಕ್ಯಾಮರಾದವನು ಕ್ಯಾಮರಾದ ಮುಚ್ಚಳ ಒರೆಸತೊಡಗಿದ. ನಾನು ಕಪ್ಪನ್ನೇ ನೋಡುತ್ತಾ ನಿಂತೆ. ಲೋನಾ ಪ್ರಸಂಗದಲ್ಲಿ ನಕ್ಕಿದ್ದು ಜನ. ಇಲ್ಲಿ ಒಬ್ಬ ತಾಯಿ ಮಗನನ್ನು ಅನುಮಾನದಿಂದ ನೋಡಿದ್ದಳು, ನನ್ನಿಂದ.

ಅಷ್ಟರಲ್ಲಿ ಯಜಮಾನರು ಬಂದರು. ವಿಷಯ ಕೇಳಿದರು. "ತಪ್ಪಾಗದ. ಒಂದ್ ಸಾಲು ತಿದ್ದುಪಡಿ ಓದ್ಬುಡು" ಅಂದರು.

"ಒಂದ್ ಸಾಲ್‌ಗ ನಮ್ಮವ್ವ ನಂಬಕಿಲ್ಲ ಯಜಮಾನ್ರೇ. ಆಟ ತೋರಿಸ್ಬೇಕು" ಅಂದ ನಾಯಕ.

ತೋರಿಸಲು ನಮ್ಮ ಹತ್ತಿರ ಏನಿತ್ತು? ಟೇಪಿನಲ್ಲಿ ಅರ್ಧ ಆಟ, ಅದೂ ಅವರು ಸೋಲುತ್ತಿದ್ದ ಅರ್ಧ. ಗೆದ್ದ ಕೊನೆಯ ದಾಳಿಯನ್ನು ಇಲ್ಲೇ ಆಡಿ ತೋರಿಸಿ, ನಾನು ಕಾಮೆಂಟರಿ ಹೇಳುತ್ತೇನೆ ಎಂದು ನನ್ನ ಬಾಯಿಂದ ಹೇಗೆ ಬಂತೋ ಗೊತ್ತಿಲ್ಲ. ಮೇಜು, ಕುರ್ಚಿ ಹೊರಗೆ ಹೋದವು. ಸೀಮೆಸುಣ್ಣದಲ್ಲಿ ನಡುಗೆರೆ ಎಳೆದರು. ಆಗ ಒಂದು ತೊಡಕು ಎದ್ದಿತು. ಸಂತೆಮರಹಳ್ಳಿಯವರ ಪಾತ್ರ ಮಾಡಲು ಉಮ್ಮತ್ತೂರಿನವರು ಯಾರೂ ಒಪ್ಪಲಿಲ್ಲ.

"ನಾವ್ ಅವ್ರಾಗಿ ಸೋಲಕಿಲ್ಲ" ಅಂದರು.

ಅದೇ ಹೊತ್ತಿಗೆ ಕೆಳಗಿನ ಪಾತ್ರೆ ಅಂಗಡಿಯವರು ಮೇಲೆ ಬಂದರು. ಮೇಜು, ಕುರ್ಚಿ ಎಳೆದಾಡಿದ ಅದುರಿಗೆ ಅವರ ಅಟ್ಟದ ತಟ್ಟೆಗಳು ಉರುಳಿ ಬಿದ್ದಿದ್ದವು, ಜಗಳಕ್ಕೇ ಬಂದಿದ್ದರು. ಸಂಗತಿ ತಿಳಿದ ಮೇಲೆ ಬಾಗಿಲಲ್ಲೇ ನಿಂತು ನೋಡಿದರು, ಆಮೇಲೆ ಒಳಗೆ ಬಂದರು, ಆಮೇಲೆ ಪಂಚೆ ಎತ್ತಿ ಕಟ್ಟಿದರು. ಸಂತೆಮರಹಳ್ಳಿಯ ಒಬ್ಬ ಸಿಕ್ಕಿದ ಹಾಗಾಯಿತು. ಕೊನೆಯ ದಾಳಿಯಲ್ಲಿ ನಾಯಕನನ್ನು ಹಿಡಿದವರು ಇಬ್ಬರು. ಇನ್ನೊಬ್ಬ ಬೇಕಿತ್ತು. ಎಲ್ಲರೂ ನನ್ನ ಕಡೆ ನೋಡಿದರು.

ಜೀವನದಲ್ಲಿ ನಾನು ಆಡಿದ ಕಬಡ್ಡಿ ಅದೊಂದೇ. ಒಂದು ಕೈಯಲ್ಲಿ ಮೈಕು, ಇನ್ನೊಂದು ಕೈಯಲ್ಲಿ ಆ ನಾಯಕನ ಕಾಲು. "ಉಮ್ಮತ್ತೂರು ಒಂದು ಪಾಯಿಂಟ್ ಹಿಂದೆ. ದಾಳಿಗೆ ನಾಯಕ ಬಂದಿದ್ದಾರೆ. ಒಬ್ಬರು ಸೊಂಟ ಹಿಡಿದರು, ಇನ್ನೊಬ್ಬರು ಕಾಲು ಹಿಡಿದರು" ಎಂದು ಹೇಳುತ್ತಾ ಹೇಳುತ್ತಾ ನೆಲದ ಮೇಲೆ ಎಳೆದುಕೊಂಡು ಹೋದೆ. ನಾಯಕ ನಿಜವಾಗಿಯೇ ಎಳೆದ. ನಾಟಕ ಅವನಿಗೆ ಬರುತ್ತಿರಲಿಲ್ಲ. ನಮ್ಮಿಬ್ಬರನ್ನೂ ಹೊತ್ತುಕೊಂಡೇ ಕೈ ಚಾಚಿ ನಡುಗೆರೆಯ ಮೇಲೆ ಉಗುರು ಊರಿದ. ಎರಡು ಪಾಯಿಂಟ್. ನನ್ನ ಅಂಗಿಯ ಮೂರು ಗುಂಡಿ ಹೋದವು. ಪಾತ್ರೆ ಅಂಗಡಿಯವರು ಬಿದ್ದಲ್ಲಿಂದಲೇ, "ಇದು ನ್ಯಾಯವಾದ್ ಪಾಯಿಂಟು, ನಾನ್ ಒಪ್ತೀನಿ" ಅಂದರು.

ಕೊನೆಗೆ ಎದ್ದು ನಿಂತು, ಧೂಳು ಕೊಡವದೆಯೇ, ಕ್ಯಾಮರಾಕ್ಕೆ ಕೈ ಮುಗಿದೆ. ಅರ್ಧ ಆಟ ಬಿಟ್ಟು ಬಂದದ್ದು ನಾನು, ಊಹಿಸಿ ಬರೆದದ್ದು ನಾನು, ಆಡಿದವರ ತಪ್ಪಿಲ್ಲ, ಉಮ್ಮತ್ತೂರಿನ ತಾಯಂದಿರು ಕ್ಷಮಿಸಬೇಕು ಅಂದೆ. ಮೈಕನ್ನು ನಾಯಕನ ಮುಂದೆ ಹಿಡಿದಾಗ ಅವನು ಹೇಳಿದ: "ಇವ್ರು ಒಂದ್ಸಲ ಔಟಾದ್ರು, ಅಷ್ಟೇಯ. ಔಟಾದವ್ರು ಆಚ ಕುಂತಿದ್ದು ಮತ್ತ ಒಳಿಕ್ ಬರಾಕಿಲ್ವಾ? ಇವ್ರೂ ಬರ್ಲಿ."

ಆ ಕಾರ್ಯಕ್ರಮವನ್ನು ಜನ ಕೇಳಿ ಕೇಳಿ ಮೂರು ದಿನ ಮತ್ತೆ ಹಾಕಿಸಿದರು. ನಾಯಕನ ತಾಯಿ ಕಪ್ಪನ್ನು ತೊಳೆದು ದೇವರ ಗೂಡಿನಲ್ಲಿ ಇಟ್ಟಳೆಂದು ಆಮೇಲೆ ಸುದ್ದಿ ಬಂತು. ನನ್ನ ಹೆಂಡತಿ ಮಾತ್ರ ಟೀವಿಯ ಮುಂದೆ ಕೂತು, "ಕ್ಷಮಾಪಣ ಕೇಳಕ ಕಾಲೇ ಹಿಡ್ಕಂಡ್ಬುಟ್ರಲ್ಲ, ಒಳ್ಳೇದು" ಅಂದಳು.

ಸಂತೆಮರಹಳ್ಳಿಗೂ ಹೋಗಿ ಕ್ಷಮೆ ಕೇಳಿದೆ. ಅಲ್ಲಿ ಅವರ ಪಾಡು ಇನ್ನೂ ವಿಚಿತ್ರವಾಗಿತ್ತು. ಸೋತು ತಲೆ ತಗ್ಗಿಸಿ ಬಂದ ತಂಡಕ್ಕೆ ಬಸ್ ಸ್ಟ್ಯಾಂಡಿನಲ್ಲಿ ಹಾರ ಕಾದಿತ್ತಂತೆ. "ನಾವ್ ಸೋತ್ವಿ ಕನ್ರಣ್ಣ" ಎಂದರೆ, "ಸುಮ್ಕಿರ್ಲಾ, ಟೀವೀಲೇ ಬಂದದ" ಎಂದು ಜನ ಹಾರ ಹಾಕಿಯೇ ಬಿಟ್ಟರಂತೆ. ಅವರ ನಾಯಕ ನನಗೆ ಟೀ ಕುಡಿಸಿ, ನಿಟ್ಟುಸಿರು ಬಿಟ್ಟು, "ಒಂದಿನ ಆದ್ರೂ ಗೆದ್ದಿದ್ವಿ ಮೇಷ್ಟ್ರೇ. ಅದ್ಕೂ ಕಲ್ಲಾಕ್ಬುಟ್ರಿ" ಅಂದ.

ಅಂದಿನಿಂದ ಯಾವ ಪಂದ್ಯದಿಂದಲೂ ನಾನು ಕೊನೆಯ ಸೀಟಿ ಊದುವ ಮುಂಚೆ ಎದ್ದು ಬರಲಿಲ್ಲ. ಬಸ್ಸುಗಳು ತಪ್ಪಿದವು, ವಾರ್ತೆ ಎಷ್ಟೋ ಸಲ ಮಾರನೆಯ ದಿನಕ್ಕೆ ಹೋಯಿತು. ಯಜಮಾನರು ಒಮ್ಮೆಯೂ ಆಕ್ಷೇಪಿಸಲಿಲ್ಲ.

ಹಾಗೆ ಕೂತಿದ್ದಕ್ಕೇ ಗುಂಡ್ಲುಪೇಟೆಯ ವಾಲಿಬಾಲ್ ಫೈನಲ್ ಪೂರ್ತಿ ನೋಡಲು ಸಿಕ್ಕಿತು. ಎದುರಾಳಿಗಳು ಕೇರಳದಿಂದ, ಕಾಡಿನ ಆಚೆಯಿಂದ ಬಂದವರು. ಐದನೆಯ ಸೆಟ್ಟಿಗೆ ಬರುವಾಗ ಗಂಟೆ ಎಂಟಾಗಿತ್ತು. ಬಂಡೀಪುರದ ಕಾಡಿನ ರಸ್ತೆಯಲ್ಲಿ ಒಂಬತ್ತಕ್ಕೆ ಗೇಟು ಬೀಳುತ್ತದೆ. ಆಮೇಲೆ ಬೆಳಗಾಗುವವರೆಗೆ ಯಾವ ಗಾಡಿಯೂ ಹೋಗುವಂತಿಲ್ಲ. ಆ ತಂಡದ ಕೋಚು ಪದೇ ಪದೇ ಕೈ ಬೀಸಿ "ಮತಿ, ಮತಿ" ಎಂದು ಕೂಗುತ್ತಿದ್ದರು. ಸಂಘಟಕರು ಕೈಗೆ ಕೊಟ್ಟಿದ್ದ ಮೈದಾನದ ಮೈಕಿನಲ್ಲಿ ನಾನು ವಿವರಿಸಿದೆ: "ಕೋಚ್ ತಮ್ಮ ಆಟಗಾರರಿಗೆ ಬುದ್ಧಿ ಉಪಯೋಗಿಸಿ ಆಡಲು ಸೂಚಿಸುತ್ತಿದ್ದಾರೆ. ಮತಿ ಇದ್ದವನಿಗೇ ಗೆಲುವು ಎಂಬುದು ಅವರ ತಂತ್ರ."

ಮೈದಾನದ ಪಕ್ಕದ ಟೀ ಅಂಗಡಿಯ ಮಲಯಾಳಿ ಕಾಕಾ ಓಡಿ ಬಂದು ನನ್ನ ಕಿವಿಯಲ್ಲಿ ಹೇಳಿದರು: "ಸಾರ್, ಮತಿ ಅಂದ್ರೆ ಸಾಕು ಅಂತ. ಗೇಟ್ ಮುಚ್ತಾರೆ, ಸಾಕು, ಬನ್ನಿ ಅಂತಿದ್ದಾರೆ."

ಅದನ್ನೂ ಮೈಕಿನಲ್ಲೇ ಹೇಳಿ ತಿದ್ದಿಕೊಂಡೆ. ಮೈದಾನವೆಲ್ಲ ನಕ್ಕಿತು, ಕೋಚು ಕೂಡ. ಆಮೇಲೆ ಅವರ ಆಟಗಾರರು ಗುಂಪುಗೂಡಿ ಒಂದು ನಿಮಿಷ ಮಾತಾಡಿ, ಮತ್ತೆ ಅಂಕಣಕ್ಕೆ ಬಂದು ನಿಂತರು. ಗೇಟು ಬಿದ್ದರೆ ಬೀಳಲಿ ಎಂದು. ಆಡಿದರು, ಗೆದ್ದರು, ಸಿಕ್ಕಿಕೊಂಡರು. ಸೋತ ಗುಂಡ್ಲುಪೇಟೆಯ ಹುಡುಗರೇ ಅವರನ್ನು ತಮ್ಮ ನಾಯಕನ ಮನೆಗೆ ಕರೆದುಕೊಂಡು ಹೋದರು. ಬಸ್ಸು ತಪ್ಪಿದ್ದ ನಾನೂ ಕ್ಯಾಮರಾದವನೂ ಅದೇ ಪಂಕ್ತಿಯಲ್ಲಿ ಕೂತೆವು. ಗೆದ್ದವರು ಮುದ್ದೆಯನ್ನು ಅಗಿಯುತ್ತಾ ಕೂತಿದ್ದರು. ನಾಯಕನ ಅಜ್ಜಿ ನೋಡುವಷ್ಟು ನೋಡಿ, "ಅಗೀಬೇಡ ಕನಪ್ಪ, ನುಂಗು, ನುಂಗು" ಎಂದು ಗಂಟಲು ಮುಟ್ಟಿ ತೋರಿಸಿದಳು. ಆ ಪಾಠಕ್ಕೆ ಯಾವ ಭಾಷೆಯ ಅಡ್ಡಿಯೂ ಆಗಲಿಲ್ಲ.

ಈಗ ಆ ಚಾನಲ್ ಇಲ್ಲ. ಯಾವುದೋ ಜಗಳದಿಂದಾಗಲೀ ನಷ್ಟದಿಂದಾಗಲೀ ಮುಚ್ಚಿದ್ದಲ್ಲ. ಒಂದು ಬೆಳಿಗ್ಗೆ ಯಜಮಾನರು ಕರೆದು ಕೂರಿಸಿ ಹೇಳಿದರು: "ಸಾಕ್ ಕನಪ್ಪ. ಆಟ ಆಡ್ತಾ ಆಡ್ತಾಲೇ ಜನ ಮೊಬೈಲ್‌ನಲ್ಲಿ ಬುಡ್ತಾವ್ರ. ನೀನು ಏಳ್ ಗಂಟಗ ಯೋಳೋ ವತ್ಗ ಅದು ಹಳೇದಾಗಿರ್ತದ. ನಂಗೂ ವಯಸ್ಸಾಯ್ತು."

ಕೊನೆಯ ವಾರ್ತೆಗೆ ಒಂದು ಬೀಳ್ಕೊಡುಗೆಯ ಮಾತು ಬರೆದುಕೊಂಡು ಹೋಗಿದ್ದೆ. ಎರಡು ದಿನ ಕೂತು ಬರೆದದ್ದು. ಅಂದಿನ ಸುದ್ದಿ ಹುಡುಗಿಯರ ರಿಲೇ ಓಟ. ಆ ಹುಡುಗಿಯರೆಲ್ಲರ ಹೆಸರನ್ನು, ಅವರವರ ಊರನ್ನು ನಿಧಾನವಾಗಿ ಓದಿದೆ. ತಪ್ಪಬಾರದೆಂದು ಎರಡು ಸಲ ಓದಿದೆ. ಅಷ್ಟರಲ್ಲಿ ಹೊತ್ತು ಮುಗಿದು, ನನ್ನ "ಪ್ರೀತಿಯ ವೀಕ್ಷಕರೇ" ಎಂಬಲ್ಲಿಗೆ ಒಡವೆ ಅಂಗಡಿಯ ಜಾಹೀರಾತು ಬಂದುಬಿಟ್ಟಿತು. ಕ್ಯಾಮರಾದವನು, "ಮತ್ತ ತಗೀಲೇನ್ಲಾ?" ಅಂದ. ಬೇಡ ಅಂದೆ. ಇಬ್ಬರೂ ನೀಲಿ ಬಟ್ಟೆ ಮಡಚಿ, ಕೆಳಗೆ ಹೋಗಿ ಟೀ ಕುಡಿದೆವು. ಓದದೆ ಉಳಿದ ಹಾಳೆಯನ್ನು ಸಣ್ಣಗೆ ಮಡಚಿ ಜೇಬಿಗೆ ಹಾಕಿಕೊಂಡೆ. ಅವನು ನೋಡಿ, ನೋಡದವನಂತೆ ಬನ್ ತಿನ್ನುತ್ತಾ ಕೂತ.

ಅವನೀಗ ಮದುವೆಗಳಲ್ಲಿ ಡ್ರೋನ್ ಹಾರಿಸುತ್ತಾನೆ. ನಾನು ಮನೆಯಲ್ಲಿದ್ದೇನೆ. ಜಿಲ್ಲಾ ಸ್ಟೇಡಿಯಂನಲ್ಲಿ ಏನಾದರೂ ಆಟವಿದ್ದರೆ ಹೆಂಡತಿಯೂ ನಾನೂ ಛತ್ರಿ ಹಿಡಿದುಕೊಂಡು ಹೋಗುತ್ತೇವೆ. ತೊಂದರೆಯೆಂದರೆ, ಬಾಯಿ ಮುಚ್ಚಿಕೊಂಡು ಆಟ ನೋಡುವುದು ನನಗೆ ಗೊತ್ತಿಲ್ಲ. ಕಳೆದ ತಿಂಗಳು ಖೋಖೋ ನಡೆಯುತ್ತಿತ್ತು. ಮುಂದಿನ ಮೆಟ್ಟಿಲಲ್ಲಿ ಒಬ್ಬಾಕೆ ಮಡಿಲಲ್ಲಿ ಊಟದ ಡಬ್ಬಿ ಇಟ್ಟುಕೊಂಡು ಕೂತಿದ್ದಳು. ಅವಳ ಮಗಳು ಆಡುತ್ತಿದ್ದಳೆಂದು ಕಾಣುತ್ತದೆ. "ಬಂದರು, ಕಂಬ ಸುತ್ತಿದರು, ತಪ್ಪಿಸಿಕೊಂಡರು" ಎಂದು ನಾನು ನನ್ನ ಪಾಡಿಗೆ ಹೇಳಿಕೊಳ್ಳುತ್ತಿದ್ದೆ. ಆಕೆ ಎರಡು ಸಲ ತಿರುಗಿ ನೋಡಿದಳು. ಮೂರನೆಯ ಸಲ, ಬಹಳ ಮರ್ಯಾದೆಯಿಂದಲೇ, "ಅಣ್ಣ, ನಮ್ಗೂ ಕಣ್ಣವ. ಕಾಣ್ತಾ ಅದ" ಅಂದಳು.

ಹೆಂಡತಿ ಛತ್ರಿಯ ಹಿಂದೆ ಮುಖ ಮರೆಮಾಡಿಕೊಂಡು ನಗತೊಡಗಿದಳು. ನಾನು ಎದ್ದು ನಾಲ್ಕು ಮೆಟ್ಟಿಲು ಮೇಲೆ ಹೋಗಿ ಕೂತೆ. ಅಲ್ಲಿ ಯಾರೂ ಇರಲಿಲ್ಲ. ಆಟ ಇನ್ನೂ ಹತ್ತು ನಿಮಿಷ ಇತ್ತು.